ನೃತ್ಯದ ನೆಲದಿಂದ ಕೇಳಿದ ಲಯ: ಡ್ರಮ್ಮರ್ ಚಿಕ್ ವೆಬ್ ಕುರಿತು ಒಂದು ಟಿಪ್ಪಣಿ

ಜಾಜ್ ಚರಿತ್ರೆಯ ಪುಸ್ತಕಗಳಲ್ಲಿ ಚಿಕ್ ವೆಬ್‌ನ ಹೆಸರು ಸಾಮಾನ್ಯವಾಗಿ ಎರಡು ಕಡೆ ಸಿಗುತ್ತದೆ. ಎಲಾ ಫಿಟ್ಜೆರಾಲ್ಡ್‌ಗೆ ಮೊದಲ ದೊಡ್ಡ ಅವಕಾಶ ಕೊಟ್ಟವನು ಎಂಬಲ್ಲಿ ಒಮ್ಮೆ, ಬೆನ್ನುಮೂಳೆಯ ಕ್ಷಯದಿಂದ ಕುಗ್ಗಿದ ದೇಹ ಹೊತ್ತು ಡ್ರಮ್ ಬಾರಿಸಿದ ಧೀರ ಎಂಬಲ್ಲಿ ಇನ್ನೊಮ್ಮೆ. ಎರಡೂ ನಿಜ. ಆದರೆ ಮೊದಲನೆಯದು ಅವನನ್ನು ಇನ್ನೊಬ್ಬರ ಕತೆಗೆ ಪೀಠಿಕೆಯಾಗಿಸುತ್ತದೆ, ಎರಡನೆಯದು ಅನುಕಂಪದ ವಸ್ತುವಾಗಿಸುತ್ತದೆ. 1930ರ ದಶಕದಲ್ಲಿ ನ್ಯೂಯಾರ್ಕಿನ ಹಾರ್ಲೆಮ್‌ನಲ್ಲಿ ನೃತ್ಯಸಂಗೀತ ಹೇಗಿರಬೇಕೆಂದು ಮಾಡಿ ತೋರಿಸಿದ ವಾದ್ಯವೃಂದ ನಾಯಕ ಇವೆರಡರ ನಡುವೆ ಕಾಣೆಯಾಗುತ್ತಾನೆ. ಆ ನಾಯಕನನ್ನು ನೋಡುವುದು ಈ ಟಿಪ್ಪಣಿಯ ಉದ್ದೇಶ. ನನ್ನ ವಾದ ಇಷ್ಟು: ವೆಬ್‌ನನ್ನು ಅಳೆಯಲು ಗ್ರಾಮಫೋನ್ ತಟ್ಟೆಗಳೊಂದೇ ಸಾಲವು. ಅವನು ಯಾರಿಗಾಗಿ ನುಡಿಸಿದನೋ ಆ ನರ್ತಕರ ಸಾಕ್ಷ್ಯವನ್ನೂ ತಟ್ಟೆಗಳ ಪಕ್ಕದಲ್ಲಿಟ್ಟುಕೊಂಡು ಓದಬೇಕು.

ಮೊದಲು ಜನ್ಮವರ್ಷದ ಪ್ರಶ್ನೆ. ವಿಲಿಯಂ ಹೆನ್ರಿ ವೆಬ್ ಹುಟ್ಟಿದ್ದು ಮೇರಿಲ್ಯಾಂಡ್ ರಾಜ್ಯದ ಬಾಲ್ಟಿಮೋರ್‌ನಲ್ಲಿ, ಫೆಬ್ರವರಿ 10ರಂದು. ವರ್ಷದ ವಿಷಯದಲ್ಲಿ ಮಾತ್ರ ಆಕರಗಳು ಒಂದಾಗುವುದಿಲ್ಲ. 1902, 1905, 1907, 1909 ನಾಲ್ಕೂ ಅಚ್ಚಾಗಿವೆ. 1910 ಮತ್ತು 1920ರ ಜನಗಣತಿ ದಾಖಲೆಗಳಿಗೆ ಹೊಂದುವುದು 1905. ಗಣತಿಯವರು ಮನೆಬಾಗಿಲಿಗೆ ಬಂದಾಗ ಹುಡುಗನ ವಯಸ್ಸನ್ನು ಹೆಚ್ಚು ಕಡಿಮೆ ಮಾಡಿ ಹೇಳಲು ಮನೆಯವರಿಗೆ ಕಾರಣವಿರಲಿಲ್ಲ. ರಂಗದ ಮೇಲೆ ಹೆಸರಾದವರ ವಯಸ್ಸು ಪ್ರಚಾರದ ಬರಹಗಳಲ್ಲಿ ಕಿರಿದಾಗುತ್ತ ಹೋಗುವುದು ಮಾತ್ರ ಎಲ್ಲ ಕಾಲದ ವಾಡಿಕೆ. ಹಾಗಾಗಿ ನಾನು 1905ನ್ನು ಹಿಡಿಯುತ್ತೇನೆ. ಈ ಅಂಕಿಗೆ ತೂಕವಿದೆ. 1909 ಎಂದುಕೊಂಡರೆ 1926ರಲ್ಲಿ ನ್ಯೂಯಾರ್ಕಿನಲ್ಲಿ ಬ್ಯಾಂಡ್ ಕಟ್ಟಿದವನು ಹದಿನೇಳರ ಬಾಲಪ್ರತಿಭೆಯಾಗುತ್ತಾನೆ. 1905 ಎಂದುಕೊಂಡರೆ ಇಪ್ಪತ್ತೊಂದರ, ಆಗಲೇ ದುಡಿದು ಪಳಗಿದ ವೃತ್ತಿಗಾರ. ಮುಂದೆ ಅವನು ತೋರಿದ ಹಟಕ್ಕೂ ಲೆಕ್ಕಾಚಾರಕ್ಕೂ ಈ ಎರಡನೆಯ ಚಿತ್ರವೇ ಹೊಂದುತ್ತದೆ.

ಎಳವೆಯಲ್ಲೇ ಬೆನ್ನುಮೂಳೆಗೆ ಕ್ಷಯ ತಗುಲಿತು. ಬೆಳವಣಿಗೆ ಅಲ್ಲಿಗೇ ನಿಂತು, ಬೆನ್ನು ಬಾಗಿ, ದೊಡ್ಡವನಾದ ಮೇಲೂ ಎತ್ತರ ನಾಲ್ಕು ಅಡಿಯ ಆಸುಪಾಸಿನಲ್ಲೇ ಉಳಿಯಿತು. ಬಿಗಿದ ಕೀಲುಗಳು ಸಡಿಲವಾಗಲೆಂದು ವಾದ್ಯ ನುಡಿಸುವುದನ್ನು ವೈದ್ಯರೇ ಸೂಚಿಸಿದರೆಂದು ಅವನ ಜೀವನದ ಹೆಚ್ಚಿನ ವಿವರಣೆಗಳು ಹೇಳುತ್ತವೆ. ಬೀದಿಯಲ್ಲಿ ಪತ್ರಿಕೆ ಮಾರಿ ಕೂಡಿಸಿದ ಹಣದಲ್ಲಿ ಹುಡುಗ ಡ್ರಮ್ ಕೊಂಡ. ಹದಿಹರೆಯದಲ್ಲಿ ಚೆಸಪೀಕ್ ಕೊಲ್ಲಿಯ ವಿಹಾರದ ಹಡಗುಗಳಲ್ಲಿ ನುಡಿಸುತ್ತಿದ್ದ ಬ್ಯಾಂಡ್ ಸೇರಿದ. ಅಲ್ಲಿ ಜೊತೆಯಾದ ಗಿಟಾರ್ ವಾದಕ ಜಾನ್ ಟ್ರೂಹಾರ್ಟ್ ಮುಂದೆ ಅವನ ಸ್ವಂತ ಬ್ಯಾಂಡಿನಲ್ಲಿ ವರ್ಷಗಟ್ಟಲೆ ದುಡಿದ. ಸಣ್ಣ ಮೈಕಟ್ಟಿನಿಂದ ಬಂದ ‘ಚಿಕ್’ ಎಂಬ ಅಡ್ಡಹೆಸರೇ ಕೊನೆಗೆ ಹೆಸರಾಗಿ ನಿಂತಿತು.

1920ರ ದಶಕದ ನಡುವೆ ಅವನು ನ್ಯೂಯಾರ್ಕಿಗೆ ಬಂದ. 1926ರಲ್ಲಿ ಬ್ಲ್ಯಾಕ್ ಬಾಟಮ್ ಕ್ಲಬ್‌ನಲ್ಲಿ ಐದು ಜನರ ಪುಟ್ಟ ಬಳಗದೊಂದಿಗೆ ನಾಯಕನಾದ. ಮರುವರ್ಷ ಸವಾಯ್ ಬಾಲ್‌ರೂಮ್‌ನ ವೇದಿಕೆಯೂ ಸಿಕ್ಕಿತು, ಆದರೆ ಕಾಯಂ ಆಗಿ ಅಲ್ಲ. ಮುಂದಿನ ಕೆಲವು ವರ್ಷ ಒಂದು ಸಭಾಂಗಣದಿಂದ ಇನ್ನೊಂದಕ್ಕೆ ಅಲೆದಾಟ. 1929ರಲ್ಲಿ ‘ಜಂಗಲ್ ಬ್ಯಾಂಡ್’ ಎಂಬ ಹೆಸರಿನಲ್ಲಿ ಬ್ರನ್ಸ್‌ವಿಕ್ ಕಂಪನಿಗೆ ಮೊದಲ ತಟ್ಟೆಗಳು ಮುದ್ರಣವಾದವು. ಲೇಬಲ್ಲಿನ ಮೇಲೆ ವೆಬ್‌ನ ಹೆಸರಿರಲಿಲ್ಲ. ಆರ್ಥಿಕ ಕುಸಿತದ ಆ ದಿನಗಳಲ್ಲಿ ಅನೇಕ ಬ್ಯಾಂಡುಗಳು ಚದುರಿದವು. ವೆಬ್ ತನ್ನವರನ್ನು ಬಿಡದೆ ಹಿಡಿದುಕೊಂಡ. 1931ರಿಂದ ಸವಾಯ್‌ನಲ್ಲಿ ನೆಲೆ ಗಟ್ಟಿಯಾಗುತ್ತ ಬಂತು.

ಸವಾಯ್ ಬಗ್ಗೆ ಸ್ವಲ್ಪ ನಿಧಾನಿಸಿ ಹೇಳಬೇಕು, ಏಕೆಂದರೆ ವೆಬ್‌ನ ಸಂಗೀತಕ್ಕೆ ಆಕಾರ ಕೊಟ್ಟದ್ದು ಆ ಕಟ್ಟಡ. ಲೆನಾಕ್ಸ್ ಅವೆನ್ಯೂವಿನಲ್ಲಿ 140 ಮತ್ತು 141ನೇ ಬೀದಿಗಳ ನಡುವಿನ ಇಡೀ ಬ್ಲಾಕಿನ ಉದ್ದಕ್ಕೆ ಎರಡನೆಯ ಅಂತಸ್ತಿನಲ್ಲಿ ಹರಡಿದ್ದ ಈ ಸಭಾಂಗಣ 1926ರ ಮಾರ್ಚ್ 12ರಂದು ತೆರೆಯಿತು. ಮಾಲೀಕ ಮೋ ಗೇಲ್, ವ್ಯವಸ್ಥಾಪಕ ಚಾರ್ಲ್ಸ್ ಬುಕಾನನ್. ಸುಮಾರು 10,000 ಚದರ ಅಡಿಯ ಜಾಗದಲ್ಲಿ 4,000 ಜನರವರೆಗೆ ಹಿಡಿಸುತ್ತಿತ್ತು. ಹೆಜ್ಜೆಗೆ ಪುಟಿಯುವಂತೆ ಮೇಪಲ್ ಮರದ ಹಲಗೆ ಹಾಸಿದ್ದರು, ಅದು ಸವೆದಂತೆ ಬದಲಿಸುತ್ತಿದ್ದರು. ಬಿಳಿಯರು ಕರಿಯರು ಒಂದೇ ನೆಲದ ಮೇಲೆ ಕುಣಿಯಬಹುದಾಗಿದ್ದ ಸ್ಥಳಗಳು ಆಗ ಅಮೆರಿಕದಲ್ಲಿ ಬಲು ಕಡಿಮೆ, ಸವಾಯ್ ಅವುಗಳಲ್ಲೊಂದು. ಅದೇ ಹಾರ್ಲೆಮ್‌ನ ಕಾಟನ್ ಕ್ಲಬ್‌ನಲ್ಲಿ ಕರಿಯ ಕಲಾವಿದರು ವೇದಿಕೆಯ ಮೇಲಿದ್ದರೂ ಗಿರಾಕಿಗಳಾಗಿ ಒಳಗೆ ಬರುವಂತಿರಲಿಲ್ಲ ಎಂಬುದನ್ನು ಇದರ ಪಕ್ಕದಲ್ಲಿಟ್ಟು ನೋಡಬೇಕು.

ಸಂಗೀತದ ದೃಷ್ಟಿಯಿಂದ ಮುಖ್ಯವಾದ ವಿವರ ಇನ್ನೊಂದಿದೆ. ಸವಾಯ್‌ನಲ್ಲಿ ಎರಡು ವೇದಿಕೆಗಳಿದ್ದವು. ಒಂದು ಬ್ಯಾಂಡ್ ನಿಲ್ಲಿಸುತ್ತಿದ್ದಂತೆ ಇನ್ನೊಂದು ಎತ್ತಿಕೊಳ್ಳುತ್ತಿತ್ತು, ಕುಣಿತಕ್ಕೆ ಬಿಡುವಿಲ್ಲ. ಹೀಗೆ ಪ್ರತಿ ರಾತ್ರಿಯೂ ಸಹಜವಾಗಿಯೇ ಹೋಲಿಕೆಯ ರಾತ್ರಿ. ಆಡಳಿತ ಇದನ್ನೇ ‘ಬ್ಯಾಂಡ್ ಕಾಳಗ’ ಎಂಬ ಆಕರ್ಷಣೆಯಾಗಿ ಬೆಳೆಸಿತು. ತೀರ್ಪು ಕೊಡುತ್ತಿದ್ದುದು ಕುಣಿಯುವವರ ಕಾಲು. ಯಾರ ಲಯಕ್ಕೆ ಜನ ನೆಲಕ್ಕಿಳಿಯುತ್ತಾರೆ, ಯಾರ ಲಯಕ್ಕೆ ಗೋಡೆಗೆ ಒರಗುತ್ತಾರೆ ಎಂಬುದು ನಾಯಕನ ಕಣ್ಣೆದುರಿಗೇ ಕಾಣುತ್ತಿತ್ತು. ಇಂಥ ಪರೀಕ್ಷೆಗೆ ಎಂಟು ವರ್ಷ ಒಡ್ಡಿಕೊಂಡ ಡ್ರಮ್ಮರ್ ಏನನ್ನು ಕಲಿತಿರಬಹುದು?

ಇದಕ್ಕೆ ಉತ್ತರ ಲಿಂಡಿ ಹಾಪ್ ನರ್ತಕ ಫ್ರಾಂಕಿ ಮ್ಯಾನಿಂಗ್‌ನ ನೆನಪುಗಳಲ್ಲಿದೆ. 1935ರ ಸುಮಾರಿಗೆ ಸವಾಯ್‌ನಲ್ಲಿ ನಡೆದ ಒಂದು ಸ್ಪರ್ಧೆಯಲ್ಲಿ ಮ್ಯಾನಿಂಗ್ ಮತ್ತು ಅವನ ಜೊತೆಗಾತಿ ಫ್ರೀಡಾ ವಾಷಿಂಗ್ಟನ್ ಹೊಸದೊಂದನ್ನು ಮಾಡಿದರು. ಆಕೆ ಅವನ ಬೆನ್ನಿನ ಮೇಲಿಂದ ಗಾಳಿಯಲ್ಲಿ ಉರುಳಿ ಎದುರಿಗೆ ಬಂದು ಇಳಿದಳು. ಲಿಂಡಿ ಹಾಪ್‌ನ ‘ಏರ್ ಸ್ಟೆಪ್’ ಪರಂಪರೆ ಇಲ್ಲಿಂದ ಶುರುವಾಯಿತೆಂದು ನೃತ್ಯ ಚರಿತ್ರೆ ಹೇಳುತ್ತದೆ. ವೇದಿಕೆಯ ಮೇಲಿದ್ದದ್ದು ವೆಬ್‌ನ ಬ್ಯಾಂಡ್. ಮ್ಯಾನಿಂಗ್ ಕೇಳಿದ್ದ ವೇಗಕ್ಕೆ ಹೊಂದುವಂತೆ ವೆಬ್ ‘ಡೌನ್ ಸೌತ್ ಕ್ಯಾಂಪ್ ಮೀಟಿಂಗ್’ ಎಂಬ ಕೃತಿಯನ್ನು ಎತ್ತಿಕೊಂಡ. ನರ್ತಕರ ಒಂದೊಂದು ಚಲನೆಯನ್ನೂ ಬ್ಯಾಂಡ್ ಹಿಡಿದು ಎತ್ತಿಕೊಟ್ಟಿತು ಎಂಬುದು ಮ್ಯಾನಿಂಗ್‌ನ ಕಥನದಲ್ಲಿ ನನಗೆ ಬಹು ಮುಖ್ಯವಾಗಿ ಕಂಡ ಮಾತು. ಯಕ್ಷಗಾನದಲ್ಲಿ ಮದ್ದಳೆಯವರ ದೃಷ್ಟಿ ವೇಷಧಾರಿಯ ಪಾದದ ಮೇಲಿರುವಂತೆ ವೆಬ್‌ನ ದೃಷ್ಟಿ ನೆಲದ ಮೇಲಿತ್ತು. ಡ್ರಮ್ಮರ್ ಹಿಂದಿನ ಸಾಲಿನಲ್ಲಿ ಮರೆಯಾಗಿ ಕೂತಿದ್ದರೆ ಇದು ಸಾಧ್ಯವಿರಲಿಲ್ಲ. ವೆಬ್ ಬ್ಯಾಂಡಿನ ನಡುವೆ, ಎತ್ತರಿಸಿದ ಪೀಠದ ಮೇಲೆ ಕೂರುತ್ತಿದ್ದ. ದೇಹದ ಗಾತ್ರದಿಂದಾಗಿ ಅನಿವಾರ್ಯವಾದ ಆ ಎತ್ತರ ಅವನಿಗೆ ಇಡೀ ಸಭಾಂಗಣದ ನೋಟವನ್ನೂ ಕೊಟ್ಟಿತು.

ವಾದ್ಯವೂ ಅವನ ಅಳತೆಗೇ ರೂಪುಗೊಂಡಿತ್ತು. ಗ್ರೆಟ್ಷ್ ಕಂಪನಿ ತಯಾರಿಸಿಕೊಟ್ಟ ಸೆಟ್ಟಿನಲ್ಲಿ 28 ಅಂಗುಲ ವ್ಯಾಸದ ಬಾಸ್ ಡ್ರಮ್, ಅದಕ್ಕೆ ಅವನ ಕಾಲಿಗೆ ಎಟಕುವಂತೆ ಮಾಡಿದ ಪೆಡಲ್, ಹಂಸದ ಕತ್ತಿನಂತೆ ಬಾಗಿದ ಕಂಬಿಗಳಿಂದ ಇಳಿಬಿಟ್ಟ ಸಿಂಬಲ್‌ಗಳು, ಕೈಯಳತೆಯಲ್ಲಿ ಟೆಂಪಲ್ ಬ್ಲಾಕುಗಳು. ಇಷ್ಟು ದೊಡ್ಡ ಬಾಸ್ ಡ್ರಮ್ಮಿನ ಹಿಂದೆ ಕೂತವನ ತಲೆ ಮಾತ್ರ ಫೋಟೋಗಳಲ್ಲಿ ಕಾಣುತ್ತದೆ. ಸ್ವರಲಿಪಿ ಓದಲು ಅವನಿಗೆ ಬರುತ್ತಿರಲಿಲ್ಲ. ತಾಲೀಮಿನಲ್ಲಿ ಕೇಳಿ ಅರೇಂಜ್‌ಮೆಂಟನ್ನು ಪೂರ್ತಿ ನೆನಪಿಗೆ ಹಾಕಿಕೊಳ್ಳುತ್ತಿದ್ದ. ಟ್ರಂಪೆಟ್ಟಿನವರು ಎಲ್ಲಿ ತಪ್ಪಿದರು, ಸ್ಯಾಕ್ಸೊಫೋನಿನವರು ಎಲ್ಲಿ ಎಳೆದರು ಎಂಬುದನ್ನು ಬಾಯಲ್ಲಿ ಹಾಡಿ ತೋರಿಸುತ್ತಿದ್ದ. ಇದನ್ನು ಕೊರತೆಯೆಂದು ಬರೆದವರಿದ್ದಾರೆ. ನನಗೆ ಹಾಗೆ ಕಾಣುವುದಿಲ್ಲ. ತನ್ನ ಭಾಗವೊಂದನ್ನೇ ಕಾಗದದಲ್ಲಿ ನೋಡಿಕೊಂಡು ನುಡಿಸುವ ಡ್ರಮ್ಮರ್‌ಗೆ ಇಡೀ ಕೃತಿ ತಲೆಯಲ್ಲಿರಬೇಕಾಗಿಲ್ಲ, ವೆಬ್‌ಗೆ ಇರಲೇಬೇಕಿತ್ತು. ಹಿತ್ತಾಳೆ ವಾದ್ಯಗಳ ಒಂದು ಘೋಷ ಬರುವ ಮುನ್ನವೇ ಅದಕ್ಕೆ ದಾರಿ ಬಿಡಿಸುವ ಅವನ ಸ್ನೇರ್ ಪೆಟ್ಟುಗಳು, ವಾಕ್ಯ ಮುಗಿದ ಜಾಗದಲ್ಲೇ ಬೀಳುವ ಸಿಂಬಲ್, ಇವೆಲ್ಲ ಒಳಗಿಂದ ಕೃತಿಯನ್ನು ಬಲ್ಲವನ ಕೆಲಸ.

ಇನ್ನು ತಟ್ಟೆಗಳ ವಿಚಾರ. ಆಗಿನ ಹತ್ತು ಅಂಗುಲದ, ನಿಮಿಷಕ್ಕೆ 78 ಸುತ್ತಿನ ತಟ್ಟೆಯ ಒಂದು ಮುಖಕ್ಕೆ ಹಿಡಿಯುತ್ತಿದ್ದುದು ಸುಮಾರು ಮೂರು ನಿಮಿಷ. ಸವಾಯ್‌ನಲ್ಲಿ ನರ್ತಕರ ಹುರುಪು ನೋಡಿ ಬೇಕಾದಷ್ಟು ಹಿಗ್ಗುತ್ತಿದ್ದ ಕೃತಿ ಸ್ಟುಡಿಯೋದಲ್ಲಿ ಮೂರು ನಿಮಿಷಕ್ಕೆ ಮಡಿಚಿಕೊಳ್ಳಬೇಕು. ಬಾಸ್ ಡ್ರಮ್ಮಿನ ಆಳವಾದ ಪೆಟ್ಟನ್ನು ಅಂದಿನ ಯಂತ್ರಗಳು ಸರಿಯಾಗಿ ಹಿಡಿಯುತ್ತಿರಲಿಲ್ಲ, ಧ್ವನಿಮುದ್ರಕರು ಡ್ರಮ್ಮರ್‌ಗಳನ್ನು ಮೈಕಿನಿಂದ ದೂರ ಕೂರಿಸುವುದೂ ಸಾಮಾನ್ಯವಾಗಿತ್ತು. ಅಂದರೆ ನಮಗೆ ಉಳಿದಿರುವ ಆಕರದಲ್ಲಿ ಎಲ್ಲಕ್ಕಿಂತ ಹೆಚ್ಚು ಕಳೆದುಹೋಗಿರುವುದು ಇದೇ ವಾದ್ಯದ ದನಿ. ತಟ್ಟೆ ಕೇಳಿ ‘ಇಷ್ಟೇನಾ?’ ಎಂದುಕೊಳ್ಳುವವರು ಇದನ್ನು ಲೆಕ್ಕಕ್ಕೆ ತೆಗೆದುಕೊಳ್ಳಬೇಕು.

ಆದರೂ ಉಳಿದಿರುವುದು ಕಡಿಮೆಯೇನಲ್ಲ. 1937ರ ನವೆಂಬರ್ 1ರಂದು ಡೆಕಾ ಕಂಪನಿಗಾಗಿ ಮುದ್ರಿಸಿದ ‘ಹಾರ್ಲೆಮ್ ಕಾಂಗೊ’ದ ಕೊನೆಯ ಭಾಗದಲ್ಲಿ ಬ್ಯಾಂಡ್ ಹಿಂದೆ ಸರಿದು ವೆಬ್‌ಗೆ ಜಾಗ ಬಿಡುತ್ತದೆ. ಅಲ್ಲಿ ಅವನು ವೇಗ ತೋರಿಸಲು ಮಾತ್ರ ನುಡಿಸುವುದಿಲ್ಲ. ಸ್ನೇರ್ ಮೇಲೆ ಎತ್ತಿದ ಒಂದು ನುಡಿಗಟ್ಟಿಗೆ ಸಿಂಬಲ್‌ನಿಂದ ಉತ್ತರ ಕೊಡುತ್ತಾನೆ, ಮತ್ತೆ ಮಡಚುತ್ತಾನೆ, ಬ್ಯಾಂಡ್ ಒಳಬರಬೇಕಾದ ಜಾಗಕ್ಕೆ ತಂದು ಬಿಡುತ್ತಾನೆ. ಮಾತ್ರೆ ಎಲ್ಲೂ ಕದಲುವುದಿಲ್ಲ, ಕುಣಿಯುವವನ ಹೆಜ್ಜೆ ಆ ಏಕವಾದನದ ನಡುವೆಯೂ ತಪ್ಪಲಾರದು. 1938ರ ಮೇ 3ರ ‘ಲೈಜಾ’ದಲ್ಲಿ ಈ ಕೆಲಸ ಇನ್ನೂ ಸೂಕ್ಷ್ಮ: ಬ್ಯಾಂಡಿನ ವಾಕ್ಯಗಳ ನಡುವಿನ ಪುಟ್ಟ ಬಿಡುವುಗಳನ್ನು ಡ್ರಮ್ ತುಂಬುತ್ತ ಹೋಗುತ್ತದೆ. ಇದಕ್ಕೆ ಎದುರಾಗಿ ಬೆನ್ನಿ ಗುಡ್‌ಮನ್ ಬ್ಯಾಂಡಿನ ಜೀನ್ ಕ್ರುಪಾ 1937ರ ಜುಲೈಯಲ್ಲಿ ಮುದ್ರಿಸಿದ ‘ಸಿಂಗ್, ಸಿಂಗ್, ಸಿಂಗ್’ ಇಟ್ಟು ಕೇಳಬಹುದು. ಕ್ರುಪಾನ ಟಾಮ್-ಟಾಮ್ ಇಡೀ ಕೃತಿಯನ್ನು ಆವರಿಸಿಕೊಂಡು ನಾಟಕೀಯವಾಗಿ ಬೆಳೆಯುತ್ತದೆ. ವೆಬ್‌ನ ಡ್ರಮ್ ಅರೇಂಜ್‌ಮೆಂಟಿನ ಒಳಗಿದ್ದುಕೊಂಡೇ ಅದನ್ನು ನಡೆಸುತ್ತದೆ. ಎರಡೂ ದೊಡ್ಡ ಕಲೆಗಾರಿಕೆಯೇ. ನೃತ್ಯಕ್ಕೆ ನುಡಿಸುವುದೇ ಗುರಿಯಾದರೆ ನಾನು ಎರಡನೆಯದನ್ನೇ ಮೇಲೆಂದು ಹೇಳುತ್ತೇನೆ.

ಗುಡ್‌ಮನ್ ಜೊತೆಗಿನ ಕಾಳಗ ನಡೆದದ್ದು 1937ರ ಮೇ 11ರಂದು. ಎರಡು ತಿಂಗಳ ಹಿಂದಷ್ಟೇ ನ್ಯೂಯಾರ್ಕಿನ ಪ್ಯಾರಾಮೌಂಟ್ ಥಿಯೇಟರಿನಲ್ಲಿ ಹುಡುಗರು ಹುಚ್ಚೆದ್ದು ಕುಣಿದ ಗುಡ್‌ಮನ್ ಬ್ಯಾಂಡ್ ಆಗ ದೇಶದ ಅತಿ ಜನಪ್ರಿಯ ಬ್ಯಾಂಡ್. ಸವಾಯ್ ಒಳಗೆ 4,000 ಜನ, ಜಾಗ ಸಿಗದೆ ಹೊರಗೆ 5,000 ಜನ ಎಂದು ಅಂದಿನ ವರದಿಗಳು. ವೆಬ್ ಗೆದ್ದ. ಕಾರ್ಯಕ್ರಮದ ಕೊನೆಗೆ ಕ್ರುಪಾ ಎದ್ದು ವೆಬ್‌ನತ್ತ ತಲೆಬಾಗಿದನೆಂದು ಕಂಡವರು ಹೇಳಿದ್ದಾರೆ. ಆಮೇಲೂ ಕ್ರುಪಾ ಈ ಸೋಲನ್ನು ಮುಚ್ಚಿಡದೆ ವೆಬ್‌ನನ್ನು ಮುಕ್ತವಾಗಿ ಹೊಗಳುತ್ತಿದ್ದ. ಹೀಗೆ ಸೋತವನ ಬಾಯಿಂದಲೇ ಬಂದ ಸಾಕ್ಷ್ಯ ಗೆದ್ದವನ ಕಡೆಯವರ ಹತ್ತು ಮಾತಿಗಿಂತ ಬೆಲೆಯುಳ್ಳದ್ದು.

ವೆಬ್ ಎಂದೂ ಸೋಲಲಿಲ್ಲ ಎಂಬ ಮಾತು ಮಾತ್ರ ನಿಲ್ಲುವುದಿಲ್ಲ. ಅದೇ ವರ್ಷ ಮಾರ್ಚ್‌ನಲ್ಲಿ ಡ್ಯೂಕ್ ಎಲಿಂಗ್ಟನ್ ಸವಾಯ್‌ಗೆ ಬಂದಾಗ ಮೇಲುಗೈ ಎಲಿಂಗ್ಟನ್‌ನದಾಗಿತ್ತೆಂದು ವೆಬ್‌ನ ಬಳಗದವರೇ ಒಪ್ಪಿದ್ದಾರೆ. 1938ರ ಜನವರಿ 16ರಂದು ಕೌಂಟ್ ಬೇಸಿಯ ಬ್ಯಾಂಡಿನೊಂದಿಗೆ ನಡೆದ ಕಾಳಗದ ತೀರ್ಪಂತೂ ಪತ್ರಿಕೆಗೊಂದಾಯಿತು. ‘ಮೆಟ್ರೊನೋಮ್’ ಬೇಸಿ ಗೆದ್ದನೆಂದಿತು, ‘ಡೌನ್ ಬೀಟ್’ ವೆಬ್ ಗೆದ್ದನೆಂದಿತು. ಈ ರಾತ್ರಿಗಳನ್ನು ಪಂದ್ಯದ ಫಲಿತಾಂಶದಂತೆ ಪಟ್ಟಿ ಮಾಡುವುದರಿಂದ ಲಾಭವಿಲ್ಲ. ಜನವರಿಯ ಆ ರಾತ್ರಿಗೆ ಸಂಬಂಧಿಸಿದ ಬೇರೊಂದು ಸಂಗತಿ ನನಗೆ ಹೆಚ್ಚು ಅರ್ಥಪೂರ್ಣವಾಗಿ ಕಾಣುತ್ತದೆ. ಅದೇ ಸಂಜೆ ಊರಿನ ಇನ್ನೊಂದು ಕಡೆ ಕಾರ್ನೆಗಿ ಹಾಲ್‌ನಲ್ಲಿ ಗುಡ್‌ಮನ್‌ನ ಹೆಸರಾಂತ ಕಛೇರಿ ನಡೆಯಿತು. ಅದರ ಮೊದಲ ಕೃತಿ ‘ಡೋಂಟ್ ಬಿ ದಟ್ ವೇ’. ಅದನ್ನು ಬರೆದವನು ವೆಬ್‌ನ ಬ್ಯಾಂಡಿನಲ್ಲಿ ಸ್ಯಾಕ್ಸೊಫೋನ್ ವಾದಕನೂ ಅರೇಂಜರನೂ ಆಗಿದ್ದ ಎಡ್ಗರ್ ಸ್ಯಾಂಪ್ಸನ್. ವೆಬ್ ಅದನ್ನು 1934ರ ನವೆಂಬರ್‌ನಲ್ಲೇ ಮುದ್ರಿಸಿದ್ದ. ‘ಸ್ಟಾಂಪಿನ್ ಅಟ್ ದ ಸವಾಯ್’ ಕತೆಯೂ ಇದೇ: ಸ್ಯಾಂಪ್ಸನ್‌ನ ರಚನೆ, 1934ರ ಮೇ ತಿಂಗಳಲ್ಲಿ ವೆಬ್‌ನ ತಟ್ಟೆ, 1936ರಲ್ಲಿ ಗುಡ್‌ಮನ್‌ನ ತಟ್ಟೆಯಿಂದ ದೇಶವ್ಯಾಪಿ ಕೀರ್ತಿ. ಸಂಗೀತದ ಸಭಾಗೌರವ ಒಂದು ಕಡೆ ಸಲ್ಲುತ್ತಿದ್ದಾಗ ಅದರ ಮೂಲದ ಬ್ಯಾಂಡ್ ಕೆಲವೇ ಮೈಲಿ ದೂರದಲ್ಲಿ ಕುಣಿಯುವ ಜನರಿಗೆ ನುಡಿಸುತ್ತಿತ್ತು. ಕಛೇರಿ ಮುಗಿಸಿ ಗುಡ್‌ಮನ್‌ನ ಬಳಗದವರು ಸವಾಯ್‌ಗೆ ಬಂದು ಕೇಳಿದರು.

ಎಲಾ ಫಿಟ್ಜೆರಾಲ್ಡ್ ವಿಚಾರದಲ್ಲಿ ಒಂದು ತಿದ್ದುಪಡಿ ಅಗತ್ಯ. 1934ರ ನವೆಂಬರ್ 21ರಂದು ಅಪೊಲೊ ಥಿಯೇಟರಿನ ಹವ್ಯಾಸಿಗಳ ಸ್ಪರ್ಧೆಯಲ್ಲಿ ಗೆದ್ದಾಗ ಆಕೆಗೆ ಹದಿನೇಳು. 1935ರಲ್ಲಿ ವೆಬ್‌ನ ಬ್ಯಾಂಡ್ ಸೇರಿದಳು, ಆ ಜೂನ್‌ನಲ್ಲಿ ಮೊದಲ ತಟ್ಟೆ ಬಂತು. ವೆಬ್ ಆಕೆಯನ್ನು ಕಾನೂನು ಪ್ರಕಾರ ದತ್ತು ತೆಗೆದುಕೊಂಡನೆಂದು ದಶಕಗಳಿಂದ ಬರೆಯುತ್ತ ಬಂದಿದ್ದಾರೆ. ಅದು ಪ್ರಚಾರದ ಕತೆ, ಅಂಥ ದತ್ತು ನಡೆದಿಲ್ಲ. ನಡೆದದ್ದು ಇದಕ್ಕಿಂತ ದೊಡ್ಡದು: ನೋಟದಿಂದ ಯಾರನ್ನೂ ಸೆಳೆಯದ, ಮನೆಮಠ ಸರಿಯಿಲ್ಲದ ಹುಡುಗಿಯ ಕಂಠದಲ್ಲಿ ಲಯವಿದೆಯೆಂದು ಒಬ್ಬ ಲಯಗಾರ ಗುರುತಿಸಿದ. ನಾಲ್ಕು ವರ್ಷ ಆ ಡ್ರಮ್ಮಿನ ಮುಂದೆ ನಿಂತು ಹಾಡಿದವಳು ಮುಂದೆ ಸ್ವರವನ್ನು ಮಾತ್ರೆಯ ಮೇಲೆ ಎಲ್ಲಿ ಬೇಕಾದರೂ ಇಡಬಲ್ಲ ಗಾಯಕಿಯಾದಳು.

1938ರ ಮೇ 2ರಂದು ಮುದ್ರಿಸಿದ ‘ಎ-ಟಿಸ್ಕೆಟ್, ಎ-ಟ್ಯಾಸ್ಕೆಟ್’ ಮಕ್ಕಳ ಹಾಡೊಂದನ್ನು ಆಧರಿಸಿದ್ದು. ಎಲಾ ಮತ್ತು ಅರೇಂಜರ್ ವ್ಯಾನ್ ಅಲೆಕ್ಸಾಂಡರ್ ಕೂಡಿ ಕಟ್ಟಿದ ಆ ಹಾಡು ಆ ವರ್ಷ ದೇಶದಲ್ಲಿ ಮೊದಲ ಸ್ಥಾನಕ್ಕೇರಿತು. ಬ್ಯಾಂಡಿಗೆ ಹಣ, ಹೆಸರು, ದೊಡ್ಡ ಹೋಟೆಲು ಥಿಯೇಟರುಗಳ ಆಹ್ವಾನ ಎಲ್ಲ ಬಂದವು. ಮರುದಿನ ಮುದ್ರಿಸಿದ ‘ಲೈಜಾ’ವನ್ನು ಕೇಳಿದವರು ಕಡಿಮೆ. ಕಂಪನಿ ಕೇಳುತ್ತಿದ್ದುದು ಎಲಾಳ ಹಾಡುಗಳನ್ನು, ವಾದ್ಯಕೃತಿಗಳ ಮುದ್ರಣ ಹಿಂದೆ ಬಿತ್ತು. ಬ್ಯಾಂಡಿನ ಉತ್ತುಂಗದ ವರ್ಷಗಳಲ್ಲಿ ವೆಬ್‌ನ ಡ್ರಮ್ಮಿಗೆ ಸಿಕ್ಕ ತಟ್ಟೆಗಳು ಇಷ್ಟೇ ಆದದ್ದಕ್ಕೆ ಇದೂ ಒಂದು ಕಾರಣ. ಬಹುಕಾಲ ಬ್ಯಾಂಡ್ ಸಾಕಲು ಹೆಣಗಿದ ನಾಯಕ ಆ ಆಯ್ಕೆಗೆ ಒಪ್ಪಿದ್ದನ್ನು ನಾನು ತಪ್ಪೆನ್ನಲಾರೆ. ಚರಿತ್ರೆಕಾರರಿಗೆ ಅದು ನಷ್ಟ, ಅಷ್ಟೆ.

ದೇಹ ಅಷ್ಟರಲ್ಲಿ ಸೋಲುತ್ತ ಬಂದಿತ್ತು. ಆಸ್ಪತ್ರೆಗೆ ಸೇರುವುದು, ಎದ್ದು ಮತ್ತೆ ಪ್ರವಾಸ ಹೊರಡುವುದು ಹೀಗೇ ನಡೆಯಿತು. 1939ರ ಮೇ 4ರಂದು ಬಾಸ್ಟನ್ನಿನ ಸೌತ್‌ಲ್ಯಾಂಡ್ ಕೆಫೆಯಿಂದ ರೇಡಿಯೋದಲ್ಲಿ ಬಿತ್ತರವಾದ ಕಾರ್ಯಕ್ರಮದ ಮುದ್ರಣ ಉಳಿದಿದೆ. ಸಾವಿಗೆ ಆರೇ ವಾರ ಮುಂಚಿನ ಆ ವಾದನದಲ್ಲಿ ಬಳಲಿಕೆ ಹುಡುಕಿದರೂ ಸಿಗದು. ಸ್ಟುಡಿಯೋದ ಅಂಕೆಯಿಲ್ಲದೆ ಅವನು ಹೇಗೆ ನುಡಿಸುತ್ತಿದ್ದನೆಂಬುದಕ್ಕೆ ಇಂಥ ರೇಡಿಯೋ ಮುದ್ರಣಗಳೇ ತಟ್ಟೆಗಳಿಗಿಂತ ಒಳ್ಳೆಯ ಪುರಾವೆ. 1939ರ ಜೂನ್ 16ರಂದು ಬಾಲ್ಟಿಮೋರಿನ ಜಾನ್ಸ್ ಹಾಪ್ಕಿನ್ಸ್ ಆಸ್ಪತ್ರೆಯಲ್ಲಿ ವೆಬ್ ತೀರಿಕೊಂಡ. 1905ರ ಲೆಕ್ಕದಲ್ಲಿ ವಯಸ್ಸು ಮೂವತ್ತನಾಲ್ಕು. ಬ್ಯಾಂಡ್ ಎಲಾಳ ಹೆಸರಿನಲ್ಲಿ 1942ರವರೆಗೆ ನಡೆಯಿತು. 1947ರಲ್ಲಿ ಪೂರ್ವ ಬಾಲ್ಟಿಮೋರಿನಲ್ಲಿ ಅವನ ಹೆಸರಿನ ಮನರಂಜನಾ ಕೇಂದ್ರ ತೆರೆಯಿತು. ಸವಾಯ್ 1958ರಲ್ಲಿ ಮುಚ್ಚಿ, ಅಲ್ಲಿ ವಸತಿ ಕಟ್ಟಡಗಳೆದ್ದವು.

ವೆಬ್‌ನ ಬ್ಯಾಂಡಿನಿಂದ ಹೊರಟ ದಾರಿಗಳನ್ನು ಹಿಡಿದು ಹೋದರೆ ಅವನು ಎಂಥವರನ್ನು ಆರಿಸಿ ಬೆಳೆಸಿದನೆಂದು ತಿಳಿಯುತ್ತದೆ. ಕ್ಯೂಬಾದಿಂದ ಬಂದ ಟ್ರಂಪೆಟ್ ವಾದಕ ಮಾರಿಯೊ ಬಾವುಸಾನನ್ನು ವೆಬ್ 1933ರಲ್ಲಿ ಸೇರಿಸಿಕೊಂಡು ಸಂಗೀತ ನಿರ್ದೇಶಕನನ್ನಾಗಿ ಮಾಡಿದ. ಬಾವುಸಾ 1940ರ ದಶಕದಲ್ಲಿ ಮಾಚಿಟೊ ಬ್ಯಾಂಡಿನೊಂದಿಗೆ ಆಫ್ರೋ-ಕ್ಯೂಬನ್ ಜಾಜ್‌ಗೆ ಅಡಿಪಾಯ ಹಾಕಿದ. ಸ್ಯಾಕ್ಸೊಫೋನಿನ ಲೂಯಿ ಜೋರ್ಡನ್ 1938ರಲ್ಲಿ ಹೊರಬಿದ್ದು ಕಟ್ಟಿದ ಪುಟ್ಟ ಬ್ಯಾಂಡ್ ರಿದಮ್ ಅಂಡ್ ಬ್ಲೂಸ್‌ಗೆ ದಾರಿಯಾಯಿತು. ಕೊಳಲನ್ನು ಜಾಜ್‌ಗೆ ತಂದ ಮೊದಲಿಗರಲ್ಲೊಬ್ಬನಾದ ವೇಮನ್ ಕಾರ್ವರ್ ಕೂಡ ಇದೇ ಬಳಗದವನು. ಡ್ರಮ್ಮರ್‌ಗಳಲ್ಲಿ ಕ್ರುಪಾನಿಂದ ಬಡ್ಡಿ ರಿಚ್‌ವರೆಗೆ ಹಲವರು ವೆಬ್‌ನ ಋಣವನ್ನು ಬಾಯಿಬಿಟ್ಟು ಹೇಳಿದ್ದಾರೆ.

ವೆಬ್‌ನನ್ನು ಹೊಸದಾಗಿ ಕೇಳಲು ಹೊರಟವರಿಗೆ ನನ್ನ ಕೋರಿಕೆ ಒಂದೇ. ‘ಎ-ಟಿಸ್ಕೆಟ್’ನಿಂದ ಶುರುಮಾಡಬೇಡಿ. ಮೊದಲು ‘ಹಾರ್ಲೆಮ್ ಕಾಂಗೊ’, ಆಮೇಲೆ ‘ಲೈಜಾ’, ಅನಂತರ ಸೌತ್‌ಲ್ಯಾಂಡ್ ಕೆಫೆಯ ಬಿತ್ತರ ಕೇಳಿ. ಎಲಾಳ ಹಾಡುಗಳಿಗೆ ಅದಾದ ಮೇಲೆ ಬನ್ನಿ, ಆಗ ಅವುಗಳ ಹಿಂದಿನ ಡ್ರಮ್ ನಿಮಗೆ ಕೇಳಿಸುತ್ತದೆ.